ಅಡುಗೆಮನೆ ಪ್ರಶ್ನೋತ್ತರ: ಏಡಿ ಕೇಕ್ ಕಾವಲಿಯಲ್ಲಿ ಒಡೆಯುವುದೇಕೆ?

ಹಿಂದಿನ ಸಂಚಿಕೆಯಲ್ಲಿ ಅಮೆರಿಕದ ಚೆಸಪೀಕ್ ಕೊಲ್ಲಿಯ ನೀಲಿ ಏಡಿಯ ಬಗ್ಗೆ ನಾಲ್ಕು ಮಾತು ಬರೆದಿದ್ದೆ. ಆಮೇಲೆ ಬಂದ ಪತ್ರಗಳಲ್ಲಿ ಹೆಚ್ಚಿನವರು ಕೇಳಿರುವುದು ಕ್ರ್ಯಾಬ್ ಕೇಕ್ ಬಗ್ಗೆ. ಬಿಡಿಸಿದ ಏಡಿ ಮಾಂಸವನ್ನು ದಪ್ಪ ಬಿಲ್ಲೆ ಮಾಡಿ ಕಾವಲಿಯಲ್ಲಿ ಕೆಂಪಗೆ ಬೇಯಿಸುವ ಮೇರಿಲ್ಯಾಂಡಿನ ತಿಂಡಿ ಅದು. ನಾನು ಗಂಗೊಳ್ಳಿಯಲ್ಲಿ ಏಡಿ ತಿಂದೇ ಬೆಳೆದವಳು, ಮದುವೆಯಾಗಿ ಬಂದು ಸೇರಿದ್ದು ಮೇರಿಲ್ಯಾಂಡಿನ ಪೂರ್ವ ದಂಡೆಯ ಸಾಲಿಸ್‌ಬರಿ ಹತ್ತಿರದ ಊರನ್ನು. ಈ ತಿಂಗಳ ಅಂಕಣವನ್ನು ಪೂರ್ತಿ ಏಡಿ ಕೇಕಿಗೇ ಬಿಟ್ಟಿದ್ದೇನೆ.

ಅಕ್ಕಾ, ಬಾಲ್ಟಿಮೋರಿನ ಲೆಕ್ಸಿಂಗ್ಟನ್ ಮಾರ್ಕೆಟಿನಲ್ಲಿ ಏಡಿ ಕೇಕ್ ತಿಂದು ಬಂದ ಮೇಲೆ ಮನೆಯಲ್ಲೂ ಮಾಡಿದೆ. ಮಗುಚುವಾಗ ಒಡೆದು ಪುಡಿಪುಡಿಯಾಯಿತು. ಮುಂದಿನ ಸಲ ಬ್ರೆಡ್ ಪುಡಿ ಜಾಸ್ತಿ ಹಾಕಿದೆ. ಒಡೆಯಲಿಲ್ಲ, ಆದರೆ ಬಾಯಿಗೆ ಬ್ರೆಡ್ಡೇ ಸಿಕ್ಕಿತು. ಅಷ್ಟು ದುಡ್ಡು ಕೊಟ್ಟು ತಂದ ಮಾಂಸ! ಸರಿಯಾದ ಅಳತೆ, ಕ್ರಮ ಹೇಳಿಕೊಡಿ.
– ಓದುಗರು, ಜರ್ಮನ್‌ಟೌನ್, ಮೇರಿಲ್ಯಾಂಡ್

ತಂಗೀ, ನೀವು ಹೋಗಿ ಬಂದದ್ದು ಒಳ್ಳೆಯ ಜಾಗಕ್ಕೇ. ಆ ಮಾರ್ಕೆಟ್ 1782ರಿಂದ ಇದೆ, ಅಲ್ಲಿಂದಲೇ ಹೆಸರು ಮಾಡಿದ ಫೇಡ್ಲೀಸ್ ಮೀನಿನ ಅಂಗಡಿ 1886ರದ್ದು. ಅವರ ಕೇಕನ್ನು ಮುರಿದರೆ ಏಡಿಯ ಬಿಳಿ ಉಂಡೆಗಳು ಬಿಡಿಬಿಡಿಯಾಗಿ ಕಾಣುತ್ತವೆ, ನಡುವೆ ಇರುವ ಬಂಧ ಕಣ್ಣಿಗೆ ಬೀಳುವುದೇ ಇಲ್ಲ. ಮನೆಯಲ್ಲೂ ನಮಗೆ ಬೇಕಾದದ್ದು ಅದೇ.

ಕೇಕ್ ಒಡೆಯಲು ಕಾರಣ ಪುಡಿ ಕಡಿಮೆಯಾದದ್ದಲ್ಲ. ಮಾಂಸದಲ್ಲಿ ನೀರು ಉಳಿದಿರುತ್ತದೆ, ಬಿಲ್ಲೆ ತಣ್ಣಗಾಗಿರುವುದಿಲ್ಲ. ಏಡಿ ಮಾಂಸದಲ್ಲಿ ಹಿಟ್ಟಿನ ಅಂಶ ಇಲ್ಲ, ತಾನಾಗಿ ಅಂಟಿಕೊಳ್ಳುವ ಗುಣವೂ ಇಲ್ಲ. ಅದನ್ನು ಹಿಡಿದಿಡುವುದು ಮೊಟ್ಟೆ, ಅದೂ ಬೆಂದು ಗಟ್ಟಿಯಾದ ಮೇಲೆ. ಅಲ್ಲಿಯವರೆಗೆ ಬಿಲ್ಲೆಗೆ ಆಧಾರ ಎಂದರೆ ತಣ್ಣಗೆ ಬಿಗಿದುಕೊಂಡ ಮೇಯನೇಸ್ ಮತ್ತು ತೇವ ಹೀರಿ ಉಬ್ಬಿದ ಬಿಸ್ಕತ್ತಿನ ಪುಡಿ. ಮಾಂಸದಲ್ಲಿ ನೀರಿದ್ದರೆ ಕಾವಲಿಯ ಬಿಸಿಗೆ ಅದು ಹಬೆಯಾಗಿ, ಮೊಟ್ಟೆ ಗಟ್ಟಿಯಾಗುವ ಮೊದಲೇ ಬಿಲ್ಲೆಯನ್ನು ಒಳಗಿನಿಂದ ಬಿಡಿಸಿಬಿಡುತ್ತದೆ.

ಒಂದು ಪೌಂಡ್, ಅಂದರೆ 454 ಗ್ರಾಂ ಮಾಂಸಕ್ಕೆ ನನ್ನ ಅಳತೆ ಇದು: ಮೊಟ್ಟೆ ಒಂದು, ಮೇಯನೇಸ್ ಕಾಲು ಕಪ್, ಡೀಜಾನ್ ಸಾಸಿವೆ ಒಂದು ಟೀ ಚಮಚ, ವೂಸ್ಟರ್ ಸಾಸ್ ಒಂದು ಟೀ ಚಮಚ, ಓಲ್ಡ್ ಬೇ ಮಸಾಲೆ ಒಂದು ಟೀ ಚಮಚ, ನಿಂಬೆರಸ ಒಂದು ಟೀ ಚಮಚ, ಸಣ್ಣಗೆ ಹೆಚ್ಚಿದ ಪಾರ್ಸ್ಲಿ ಒಂದು ಹಿಡಿ, ಸಾಲ್ಟೀನ್ ಬಿಸ್ಕತ್ತು ಹತ್ತರಿಂದ ಹನ್ನೆರಡು. ಬೇರೆ ಉಪ್ಪು ಹಾಕಬೇಡಿ. ಮಸಾಲೆ, ಬಿಸ್ಕತ್ತು, ಸಾಸ್ ಮೂರರಲ್ಲೂ ಉಪ್ಪಿದೆ.

ಮೊದಲು ಏಡಿ ಮಾಂಸದ ಡಬ್ಬಿಯ ನೀರು ಬಸಿಯಿರಿ. ಅಗಲ ತಟ್ಟೆಯ ಮೇಲೆ ಪೇಪರ್ ಟವೆಲ್ ಹಾಸಿ ಮಾಂಸವನ್ನು ಒಂದೇ ಪದರವಾಗಿ ಹರಡಿ, ಮೇಲಿಂದಲೂ ಒಂದು ಟವೆಲ್ ಮುಚ್ಚಿ ಕಾಲು ಗಂಟೆ ಬಿಡಿ. ಹಿಂಡಲು ಹೋಗಬೇಡಿ, ಹಿಂಡಿದರೆ ಉಂಡೆಗಳು ನಾರುನಾರಾಗುತ್ತವೆ. ಆಮೇಲೆ ಬೆರಳ ತುದಿಯಿಂದ ಮೆಲ್ಲಗೆ ತಡವಿ ಚಿಪ್ಪಿನ ಚೂರು ಇದೆಯೇ ಎಂದು ನೋಡಿ. ಈ ಕೆಲಸಕ್ಕೆ ಕಣ್ಣನ್ನು ನಂಬಬೇಡಿ. ತೆಳ್ಳಗಿನ ಚಿಪ್ಪು ಮಾಂಸದ ಬಣ್ಣದ್ದೇ ಆಗಿರುತ್ತದೆ, ಅದನ್ನು ಹಿಡಿಯುವುದು ಬೆರಳು ಮಾತ್ರ.

ಇನ್ನೊಂದು ಪಾತ್ರೆಯಲ್ಲಿ ಏಡಿ ಬಿಟ್ಟು ಉಳಿದದ್ದೆಲ್ಲವನ್ನೂ ಕಲಸಿ. ಬಿಸ್ಕತ್ತನ್ನು ಕೈಯಲ್ಲೇ ತರಿತರಿಯಾಗಿ ಪುಡಿಮಾಡಿ ಅದಕ್ಕೇ ಸೇರಿಸಿ ಐದು ನಿಮಿಷ ನೆನೆಯಲು ಬಿಡಿ. ಏಡಿ ಹಾಕುವುದು ಕಟ್ಟಕಡೆಗೆ. ಎಲ್ಲವನ್ನೂ ಒಟ್ಟಿಗೇ ಹಾಕಿ ಕಲಸಿದರೆ ಮಿಶ್ರಣ ಹದಕ್ಕೆ ಬರುವಷ್ಟರಲ್ಲಿ ಏಡಿ ಚಿಂದಿಯಾಗಿರುತ್ತದೆ. ಬೆರಳುಗಳನ್ನು ಅಗಲಿಸಿ, ಅಡಿಯಿಂದ ಎತ್ತಿ ಮೇಲಕ್ಕೆ ಬಿಡುತ್ತಾ ಬನ್ನಿ. ಎಲ್ಲ ಉಂಡೆಗೂ ಮಿಶ್ರಣ ಸವರಿದಷ್ಟಾದರೆ ನಿಲ್ಲಿಸಿ. ಈಗ ನೋಡಿದರೆ ಇದು ನಿಲ್ಲುವುದಿಲ್ಲ ಎಂದೇ ಅನ್ನಿಸುತ್ತದೆ. ಪುಡಿಯ ಡಬ್ಬಿಗೆ ಕೈ ಹೋಗುವುದೂ ಇದೇ ಹೊತ್ತಿನಲ್ಲಿ. ತಡೆದುಕೊಳ್ಳಿ. ಆರು ಪಾಲು ಮಾಡಿ, ಒಂದು ಅಂಗುಲ ದಪ್ಪ ಉಳಿಯುವ ಹಾಗೆ ಎರಡೂ ಅಂಗೈಯಿಂದ ಹಗುರವಾಗಿ ಒತ್ತಿ, ತಟ್ಟೆಯಲ್ಲಿಟ್ಟು ಮುಚ್ಚಿ ಒಂದು ಗಂಟೆ ಫ್ರಿಜ್ಜಿನಲ್ಲಿಡಿ. ಈ ಒಂದು ಗಂಟೆಯನ್ನು ಮಾತ್ರ ಯಾರೂ ಉಳಿಸಲು ನೋಡಬಾರದು.

ಬೀಡಿನ ಕಾವಲಿ ಇದ್ದರೆ ಅದನ್ನೇ ಇಡಿ, ಮಧ್ಯಮ ಉರಿ. ಇಲ್ಲಿಯವರು ಬೆಣ್ಣೆ ಹಾಕುತ್ತಾರೆ, ನಾನು ತುಪ್ಪ. ಬೆಣ್ಣೆಯೊಳಗಿನ ಹಾಲಿನ ಅಂಶ ನಾಲ್ಕೇ ನಿಮಿಷಕ್ಕೆ ಕಪ್ಪಾಗಿ ಕಹಿ ಬಿಡುತ್ತದೆ. ತುಪ್ಪ ಕಾಯಿಸುವಾಗ ಆ ಅಂಶವನ್ನು ಸೋಸಿ ತೆಗೆದಾಗಿರುತ್ತದೆ, ಆದರೆ ಬೆಣ್ಣೆಯ ಪರಿಮಳ ಉಳಿದಿರುತ್ತದೆ. ಎರಡು ದೊಡ್ಡ ಚಮಚ ಸಾಕು. ತುಪ್ಪ ಕಾದ ಮೇಲೆ ಬಿಲ್ಲೆ ಇಟ್ಟು ನಾಲ್ಕು ನಿಮಿಷ ಮುಟ್ಟಬೇಡಿ. ಅಡಿ ಹೊತ್ತೀತೇನೋ ಎಂದು ಸಟ್ಟುಗ ತೂರಿಸಿ ನೋಡುವ ಅಭ್ಯಾಸ ನಮ್ಮೆಲ್ಲರಿಗೂ ಇದೆ, ಅರ್ಧ ಕೇಕುಗಳು ಒಡೆಯುವುದು ಹಾಗೇ. ಬೆಂದ ನೀರುದೋಸೆಯ ಅಂಚು ತಾನಾಗಿ ಏಳುವ ಹಾಗೆ ಇದರ ಅಡಿಯೂ ಕೆಂಪಾದ ಮೇಲೆ ಕಾವಲಿಯನ್ನು ತಾನೇ ಬಿಡುತ್ತದೆ. ತೆಳ್ಳಗಿನ ಸಟ್ಟುಗ ಅಡಿಗೆ ಹಾಕಿ, ಇನ್ನೊಂದು ಕೈಯ ಬೆರಳನ್ನು ಮೇಲೆ ಆನಿಸಿ ಒಂದೇ ಸಲ ಮಗುಚಿ. ಇನ್ನೂ ನಾಲ್ಕು ನಿಮಿಷ. ಥರ್ಮಾಮೀಟರ್ ಇದ್ದವರು ನಡುವಿನ ಬಿಸಿ 71 ಡಿಗ್ರಿ ಸೆಲ್ಸಿಯಸ್ ಆಗಿದೆಯೇ ನೋಡಿಕೊಳ್ಳಿ, ಒಳಗೆ ಹಸಿ ಮೊಟ್ಟೆ ಇದೆ.

ಇಷ್ಟಾದ ಮೇಲೂ ಮಗುಚಲು ಹೆದರಿಕೆಯಾದರೆ ಓವನ್ನಿನಲ್ಲಿ 230 ಡಿಗ್ರಿ ಸೆಲ್ಸಿಯಸ್‌ಗೆ ಹನ್ನೆರಡರಿಂದ ಹದಿನೈದು ನಿಮಿಷ ಇಡಿ, ಮಗುಚುವ ಕೆಲಸವೇ ಇಲ್ಲ. ಇಲ್ಲಿನ ಎಷ್ಟೋ ಮನೆಗಳಲ್ಲಿ ಹಾಗೇ ಮಾಡುತ್ತಾರೆ. ಆದರೆ ಕಾವಲಿಯ ಗರಿಗರಿ ಅದಕ್ಕೆ ಬಾರದು.

ಅಂಗಡಿಯಲ್ಲಿ ಜಂಬೊ ಲಂಪ್, ಲಂಪ್, ಬ್ಯಾಕ್‌ಫಿನ್, ಸ್ಪೆಷಲ್, ಕ್ಲಾ ಎಂದು ಐದು ಥರ ಇಟ್ಟಿದ್ದಾರೆ. ಎಲ್ಲವೂ ಏಡಿಯೇ ಅಲ್ಲವೇ? ಜಂಬೊ ಯಾಕಿಷ್ಟು ದುಬಾರಿ? ಕಡಿಮೆ ಬೆಲೆಯದು ತಂದರೆ ನಡೆಯುವುದಿಲ್ಲವೇ?
– ಓದುಗರು, ಎಡಿಸನ್, ನ್ಯೂಜೆರ್ಸಿ

ನಡೆಯುತ್ತದೆ. ಬೆಲೆ ಯಾಕೆ ಹಾಗೆ ಎಂದು ತಿಳಿದರೆ ಯಾವುದನ್ನು ಕೊಳ್ಳಬೇಕೆಂಬುದೂ ತಿಳಿಯುತ್ತದೆ.

ನೀಲಿ ಏಡಿ ಈಜುವ ಏಡಿ. ಅದರ ಕಟ್ಟಕಡೆಯ ಜೋಡಿ ಕಾಲು ಹುಟ್ಟಿನ ಹಾಗೆ ಚಪ್ಪಟೆ. ಆ ಕಾಲುಗಳನ್ನು ತಿರುಗಿಸುವ ಎರಡು ದೊಡ್ಡ ಸ್ನಾಯುಗಳು ಬೆನ್ನಿನ ಚಿಪ್ಪಿನಡಿ, ಎಡಕ್ಕೊಂದು ಬಲಕ್ಕೊಂದು ಇರುತ್ತವೆ. ಅವು ಮುರಿಯದೆ ಇಡಿಯಾಗಿ ಹೊರಬಂದರೆ ಜಂಬೊ ಲಂಪ್. ಎಷ್ಟೇ ದೊಡ್ಡ ಏಡಿಯಾದರೂ ಒಂದರಲ್ಲಿ ಸಿಗುವುದು ಎರಡೇ. ಆ ಉಂಡೆಗಳು ಸಣ್ಣದಿದ್ದರೆ, ಮುರಿದಿದ್ದರೆ, ಮೈಯ ಬೇರೆ ದೊಡ್ಡ ತುಂಡುಗಳ ಜತೆ ಲಂಪ್‌ಗೆ ಸೇರುತ್ತವೆ. ಇನ್ನೂ ಸಣ್ಣ ತುಂಡು, ಎಳೆ ಬ್ಯಾಕ್‌ಫಿನ್. ಗೂಡುಗೂಡಿನಿಂದ ಕೆದಕಿ ತೆಗೆದ ಎಳೆಎಳೆ ಮಾಂಸ ಸ್ಪೆಷಲ್. ಕೊಂಬಿನದು ಕ್ಲಾ, ಕಂದು ಬಣ್ಣ, ಘಾಟಾದ ರುಚಿ.

ಇದನ್ನೆಲ್ಲ ಬಿಡಿಸುವುದು ಮನುಷ್ಯರ ಕೈ. ನಮ್ಮ ಪಕ್ಕದ ಮನೆಯ ಅಜ್ಜಿ ಹರೆಯದಿಂದಲೇ ಏಡಿ ಬಿಡಿಸುವ ಶೆಡ್ಡಿನಲ್ಲಿ ದುಡಿದವರು. ಅವರು ಕೂತು ಬಿಡಿಸುವುದನ್ನು ನೋಡಿದರೆ ಮಾತೇ ಹೊರಡುವುದಿಲ್ಲ. ಬೆಂದ ಏಡಿಯ ಹೊಟ್ಟೆಯ ಮುಚ್ಚಳ ಎಳೆದು, ಬೆನ್ನಿನ ಚಿಪ್ಪು ಕಿತ್ತು, ಬೂದು ಬಣ್ಣದ ಕಿವಿರುಗಳನ್ನು ಹೆಬ್ಬೆರಳಲ್ಲೇ ಒಂದೇ ಸಲ ಸವರಿ ತೆಗೆಯುತ್ತಾರೆ. ಗಿಡ್ಡ ಚೂರಿಯಲ್ಲಿ ಕಾಲಿನ ಬುಡಗಳನ್ನು ಕತ್ತರಿಸಿ, ಮೈಯ ಮೇಲ್ಭಾಗ ಸೀಳಿದರೆ ಗೂಡುಗಳು ತೆರೆದುಕೊಳ್ಳುತ್ತವೆ. ಕೊನೆಯ ಗೂಡಿಗೆ ಚೂರಿಯ ಮೊನೆ ಇಟ್ಟು ಮಣಿಕಟ್ಟು ತುಸು ತಿರುಗಿಸುತ್ತಾರೆ, ಅಷ್ಟೆ. ಬಿಳಿ ಉಂಡೆ ಒಂದು ಗೀರೂ ಇಲ್ಲದೆ ಅಂಗೈಗೆ ಬಂದಿರುತ್ತದೆ. ಅವರ ಹೆಬ್ಬೆರಳಿನ ಚರ್ಮ ಈಗಲೂ ದಪ್ಪ, ಗೆಣ್ಣುಗಳು ವಾತದಿಂದ ಸೊಟ್ಟಗಾಗಿವೆ.

ಈ ದಂಡೆಯಲ್ಲಿ ಹಿಂದೆ ಈ ಕೆಲಸ ಮಾಡುತ್ತಿದ್ದವರು ಊರಿನ ಹೆಂಗಸರು, ಅವರಲ್ಲಿ ಬಹಳ ಮಂದಿ ಕಪ್ಪು ಜನಾಂಗದವರು. ಈಗ ಹೂಪರ್ಸ್ ಐಲ್ಯಾಂಡ್ ಕಡೆಯ ಶೆಡ್ಡುಗಳಿಗೆ ಪ್ರತಿ ವರ್ಷ ಹಂಗಾಮಿ ಕೆಲಸಕ್ಕೆ ಕೊಡುವ ಎಚ್-2ಬಿ ವೀಸಾ ಹಿಡಿದು ಮೆಕ್ಸಿಕೋದ ಹೆಂಗಸರು ಬರುತ್ತಾರೆ. ಮಕ್ಕಳನ್ನು ಊರಲ್ಲಿ ಬಿಟ್ಟು, ಬಿಡಿಸಿದ ಪೌಂಡಿನ ಲೆಕ್ಕದಲ್ಲಿ ಕೂಲಿ ಪಡೆಯುತ್ತಾ, ಏಡಿ ಕಾಲ ಮುಗಿಯುವ ತನಕ ಇಲ್ಲಿರುತ್ತಾರೆ. 2018ರಲ್ಲಿ ಆ ವೀಸಾಗಳನ್ನು ಲಾಟರಿಯಲ್ಲಿ ಹಂಚಿದಾಗ ಹಲವು ಶೆಡ್ಡುಗಳಿಗೆ ಕೆಲಸಗಾರರೇ ಸಿಗದೆ ಮೇಜುಗಳು ಖಾಲಿ ಉಳಿದವು. ಡಬ್ಬಿಯ ಬೆಲೆ ನೋಡಿ ನಮಗೆಲ್ಲ ಮೈ ಉರಿಯುತ್ತದೆ, ನಿಜ. ಆ ಬೆಲೆಯಲ್ಲಿ ಬಿಡಿಸಿದವರಿಗೆ ಇನ್ನೂ ದೊಡ್ಡ ಪಾಲು ಸಿಗಬೇಕಿತ್ತು ಎಂಬುದೇ ನನ್ನ ಸಂಕಟ. ಒಬ್ಬಾಕೆ ಮುರಿಯದೆ ತೆಗೆದುಕೊಟ್ಟ ಉಂಡೆಯನ್ನು ನಾವು ಸೌಟು ಹಾಕಿ ಕಲಸಿ ಹಿಟ್ಟು ಮಾಡಬಾರದು ಎಂದು ನಾನು ಪದೇಪದೇ ಹೇಳುವುದೂ ಅದಕ್ಕೇ.

ನಿಮ್ಮ ಅಡುಗೆಗೆ ಅರ್ಧ ಲಂಪ್, ಅರ್ಧ ಬ್ಯಾಕ್‌ಫಿನ್ ಅಥವಾ ಸ್ಪೆಷಲ್ ತನ್ನಿ. ಖರ್ಚು ಇಳಿಯುತ್ತದೆ, ಸಣ್ಣ ಎಳೆಗಳು ದೊಡ್ಡ ಉಂಡೆಗಳ ಸಂದು ತುಂಬುವುದರಿಂದ ಕೇಕ್ ಚೆನ್ನಾಗಿ ನಿಲ್ಲುತ್ತದೆ ಕೂಡ. ಬರೀ ಜಂಬೊದಲ್ಲಿ ಮಾಡುವುದು ಎಲ್ಲಕ್ಕಿಂತ ಕಷ್ಟ. ಡಬ್ಬಿಯ ಮೇಲೆ ಯಾವ ದೇಶದ್ದೆಂದು ಬರೆದಿರುತ್ತದೆ, ಓದಿ. ಇಂಡೋನೇಷ್ಯಾ, ಫಿಲಿಪೀನ್ಸ್, ವಿಯೆಟ್ನಾಂ, ಭಾರತದ್ದನ್ನೂ ನೋಡಿದ್ದೇನೆ. ಅವು ಪಾಶ್ಚರೀಕರಿಸಿದವು, ಮಾಡಲು ಸುಲಭ, ರುಚಿ ತುಸು ಸಪ್ಪೆ. ಹೊರಗಿನ ಕಪಾಟಿನಲ್ಲಿಡುವ ಟ್ಯೂನಾ ಡಬ್ಬಿಯ ಥರದ ಏಡಿ ಮಾತ್ರ ಇದಕ್ಕೆ ಬೇಡ. ಫ್ರಿಜ್ಜಿನಲ್ಲಿಟ್ಟು ಮಾರುವುದನ್ನೇ ತನ್ನಿ, ಮುಚ್ಚಳ ತೆಗೆದ ಮೇಲೆ ಎರಡು ದಿನದೊಳಗೆ ಮುಗಿಸಿ.

ಮೇಡಂ, ಮಲ್ಪೆಯಲ್ಲಿ ತಾಜಾ ಏಡಿ ಸಿಗುತ್ತದೆ, ಆದರೆ ಬಿಡಿಸಿದ ಮಾಂಸ, ಸಾಲ್ಟೀನ್, ಓಲ್ಡ್ ಬೇ ಒಂದೂ ಸಿಗುವುದಿಲ್ಲ. ನಮ್ಮ ಏಡಿಯಲ್ಲಿ ಆದೀತೇ?
– ಓದುಗರು, ಉಡುಪಿ

ಖಂಡಿತ ಆಗುತ್ತದೆ. ಮಲ್ಪೆ ಬಂದರಿಗೆ ಬರುವ, ಮೈಮೇಲೆ ನೀಲಿ-ಬಿಳಿ ಚುಕ್ಕೆಯ ಈಜು ಏಡಿ ಇಲ್ಲಿಯ ನೀಲಿ ಏಡಿಗೆ ಹತ್ತಿರದ ನೆಂಟ. ಏಷ್ಯಾದಿಂದ ಇಲ್ಲಿಗೆ ಬರುವ ಡಬ್ಬಿಗಳಲ್ಲಿ ಹೆಚ್ಚಾಗಿ ಇರುವುದು ಅದೇ ಬಗೆಯದು. ಬೆನ್ನ ಮೇಲೆ ಮೂರು ಕಣ್ಣಿನಂಥ ಬೊಟ್ಟಿರುವುದೂ ಆಗುತ್ತದೆ. ಹೊಳೆಬಾಯಿಯ ದೊಡ್ಡ ಕೆಸರು ಏಡಿಯ ಮಾಂಸ ಬಲು ರುಚಿ, ಆದರೆ ಅಷ್ಟು ದುಡ್ಡು ಕೊಟ್ಟ ಮೇಲೆ ನಾನಾದರೆ ಅದನ್ನು ಸುಕ್ಕ ಮಾಡಿಯೇ ತಿನ್ನುತ್ತೇನೆ.

ಕೊಳ್ಳುವಾಗ ಗಾತ್ರ ನೋಡಬೇಡಿ, ಕೈಯಲ್ಲಿ ಎತ್ತಿ ನೋಡಿ. ಗಾತ್ರಕ್ಕಿಂತ ಭಾರ ಅನ್ನಿಸಬೇಕು. ಹೊಸದಾಗಿ ಚಿಪ್ಪು ಕಳಚಿದ ಏಡಿಯಲ್ಲಿ ಮಾಂಸ ಇರುವುದಿಲ್ಲ, ನೀರೇ ಇರುತ್ತದೆ. ಹೊಟ್ಟೆಯ ಕಡೆ ಹೆಬ್ಬೆರಳಲ್ಲಿ ಒತ್ತಿದಾಗ ತಗ್ಗಿದರೆ ಬಿಡಿ. ಅಮಾವಾಸ್ಯೆ ಹತ್ತಿರದ ಏಡಿ ತುಂಬಿರುತ್ತದೆ ಎಂದು ನನ್ನ ಅಮ್ಮ ಹೇಳುತ್ತಿದ್ದರು, ನಿಮ್ಮ ಮನೆಯಲ್ಲೂ ಹೇಳಿರಬಹುದು. ನನ್ನ ನಂಬಿಕೆ ಹೆಬ್ಬೆರಳಿನ ಮೇಲೆ. ಹೊಟ್ಟೆಯಡಿ ಕಿತ್ತಳೆ ಬಣ್ಣದ ಮೊಟ್ಟೆಯ ಗೊಂಚಲು ಹೊತ್ತ ಹೆಣ್ಣು ಏಡಿಯನ್ನು ದಯವಿಟ್ಟು ಕೊಳ್ಳಬೇಡಿ. ಮೇರಿಲ್ಯಾಂಡಿನಲ್ಲಿ ಹವ್ಯಾಸಕ್ಕೆ ಏಡಿ ಹಿಡಿಯುವವರು ಗಟ್ಟಿ ಚಿಪ್ಪಿನ ಹೆಣ್ಣು ಏಡಿಯನ್ನು ಇಟ್ಟುಕೊಳ್ಳುವಂತೆಯೇ ಇಲ್ಲ, ನೀರಿಗೆ ವಾಪಸ್ ಬಿಡಲೇಬೇಕು. ನಮ್ಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳು ಕಡಲಿಗಿಳಿಯುವುದಿಲ್ಲ. ಉಳಿದ ತಿಂಗಳುಗಳಲ್ಲಿ ಮೊಟ್ಟೆಯ ಏಡಿಯನ್ನು ಉಳಿಸುವುದು ಕೊಳ್ಳುವವರ ಕೈಯಲ್ಲೂ ಇದೆ.

ಒಂದು ಕಿಲೋ ಏಡಿಗೆ ಬಿಡಿಸಿದ ಮಾಂಸ ಸಿಗುವುದು ಸುಮಾರು 150 ಗ್ರಾಂ. ನಾನು ಕೊಟ್ಟ ಅಳತೆಗೆ ಮೂರು ಕಿಲೋ ಬೇಕು, ಇಬ್ಬರು ತಿನ್ನುವುದಾದರೆ ಒಂದು ಕಿಲೋ ತಂದು ಉಳಿದದ್ದನ್ನೆಲ್ಲ ಮೂರನೇ ಒಂದು ಪಾಲಿಗೆ ಇಳಿಸಿ. ಕುದಿಯುವ ನೀರಿಗೆ ಏಡಿ ಹಾಕಬೇಡಿ, ಇಡ್ಲಿ ಪಾತ್ರೆಯಲ್ಲಿ ಹಬೆಗಿಟ್ಟು ಹದಿನೈದು ನಿಮಿಷ ಬೇಯಿಸಿ. ಆರಿದ ಮೇಲೆ ಕೆಲವು ಗಂಟೆ ಫ್ರಿಜ್ಜಿನಲ್ಲಿಟ್ಟು ಬಿಡಿಸಿದರೆ ಮಾಂಸ ಬಿಗಿದುಕೊಂಡು ಉಂಡೆಯಾಗಿಯೇ ಬರುತ್ತದೆ. ಬಿಸಿಯಲ್ಲಿ ಬಿಡಿಸಿದರೆ ಎಳೆಎಳೆ. ಕಾಲು, ಚಿಪ್ಪು ಬಿಸಾಡಬೇಡಿ, ಜಜ್ಜಿ ಕುದಿಸಿ ಸೋಸಿದ ನೀರು ಮರುದಿನದ ಸಾರಿಗೆ ಆಗುತ್ತದೆ.

ಸಾಲ್ಟೀನ್ ಬದಲಿಗೆ ಸಿಹಿ ಇಲ್ಲದ ಉಪ್ಪಿನ ಕ್ರ್ಯಾಕರ್ ಬಿಸ್ಕತ್ತು. ಊರಿನಲ್ಲಿ ಸಿಗುವ ಮೇಯನೇಸ್ ಬಹುಪಾಲು ಮೊಟ್ಟೆ ಇಲ್ಲದ್ದು, ಅಡ್ಡಿಯಿಲ್ಲ, ಮೊಟ್ಟೆಯನ್ನು ಬೇರೆಯೇ ಹಾಕುತ್ತೇವಲ್ಲ. ಸಿಹಿ ಜಾಸ್ತಿ ಇರುವುದನ್ನು ಮಾತ್ರ ತರಬೇಡಿ. ಡೀಜಾನ್ ಬದಲು ನೆನೆಸಿದ ಸಾಸಿವೆಯನ್ನು ವಿನೆಗರ್‌ನಲ್ಲಿ ಅರೆದು ಅರ್ಧ ಚಮಚ.

ಓಲ್ಡ್ ಬೇ ಬಗ್ಗೆ ಎರಡು ಮಾತು. ಅದನ್ನು ಕೂಡಿಸಿದವರು ಗುಸ್ಟಾವ್ ಬ್ರನ್, ಜರ್ಮನಿಯ ಯಹೂದಿ ಮಸಾಲೆ ವ್ಯಾಪಾರಿ. ನಾಜಿಗಳು ಬುಖೆನ್‌ವಾಲ್ಡ್ ಶಿಬಿರದಲ್ಲಿ ಕೂಡಿಹಾಕಿದ್ದ ಅವರು ಬಿಡುಗಡೆಯಾಗಿ, ಸಂಸಾರ ಸಮೇತ ಬಾಲ್ಟಿಮೋರಿಗೆ ಬಂದು 1939ರಲ್ಲಿ ಮಸಾಲೆ ಅಂಗಡಿ ಹಾಕಿದರು. 1990ರಿಂದ ಅದು ಮೆಕಾರ್ಮಿಕ್ ಕಂಪನಿಯದು. ಈಗ ಈ ದಂಡೆಯಲ್ಲಿ ಆ ಹಳದಿ-ನೀಲಿ ಡಬ್ಬಿ ಇಲ್ಲದ ಅಡುಗೆಮನೆ ಅಪರೂಪ. ಅದರ ಮುಖ್ಯ ರುಚಿ ಸೆಲರಿ ಬೀಜದ ಉಪ್ಪು. ಅದರ ಜತೆಗೆ ಕೆಂಪು ಮೆಣಸು, ಕಾಳುಮೆಣಸು, ಬಣ್ಣಕ್ಕೆ ಪ್ಯಾಪ್ರಿಕಾ. ಪ್ಯಾಪ್ರಿಕಾ ಜಾಗಕ್ಕೆ ಬ್ಯಾಡಗಿ ಮೆಣಸಿನ ಪುಡಿ ಸರಿಹೊಂದುತ್ತದೆ, ಬಣ್ಣ ಹೆಚ್ಚು, ಖಾರ ಕಡಿಮೆ. ಸೆಲರಿ ಬೀಜ ಸಿಗದಿದ್ದರೆ ಸೆಲರಿ ಸೊಪ್ಪನ್ನು ಒಣಗಿಸಿ ಉಪ್ಪಿನ ಜತೆ ಪುಡಿಮಾಡಿ. ಓಮ ಹಾಕಬೇಡಿ, ಏಡಿಯ ಸಿಹಿಯನ್ನು ಅದು ಪೂರ್ತಿ ಮುಚ್ಚಿಬಿಡುತ್ತದೆ.

ಶುಂಠಿ-ಬೆಳ್ಳುಳ್ಳಿ ಪೇಸ್ಟ್, ಹಸಿಮೆಣಸು, ಬೇಯಿಸಿದ ಆಲೂಗಡ್ಡೆ ಸೇರಿಸಿದರೆ ರುಚಿ ಇನ್ನೂ ಹೆಚ್ಚಲ್ಲವೇ?
– ಓದುಗರು, ಹುಬ್ಬಳ್ಳಿ

ಅದು ಏಡಿ ಕಟ್ಲೆಟ್ ಆಗುತ್ತದೆ. ಒಳ್ಳೆಯ ತಿಂಡಿಯೇ, ನಾನೂ ಮಾಡುತ್ತೇನೆ, ಆದರೆ ಕ್ಲಾ ಮಾಂಸದಲ್ಲಿ ಮಾಡುತ್ತೇನೆ. ಕೊಂಬಿನ ಗಟ್ಟಿ ರುಚಿ ಮಸಾಲೆಗೆ ಎದುರು ನಿಲ್ಲುತ್ತದೆ. ಲಂಪ್ ಮಾಂಸದ ನವಿರಾದ ಸಿಹಿ ಬೆಳ್ಳುಳ್ಳಿಯ ಮುಂದೆ ನಿಲ್ಲುವುದಿಲ್ಲ. ಏಡಿ ಕೇಕ್ ಮಾಡುವ ದಿನ ಮಸಾಲೆ ಡಬ್ಬಿ ಮುಚ್ಚಿಡಿ. ಖಾರ ಬೇಕೇಬೇಕೆಂದರೆ ಚಟ್ನಿಯೋ ಉಪ್ಪಿನಕಾಯಿಯೋ ಪಕ್ಕಕ್ಕಿರಲಿ.

ಮನೆಯಲ್ಲಿ ನಮ್ಮ ಅತ್ತೆ ಸಸ್ಯಾಹಾರಿ. ಅವರಿಗೂ ಇಂಥದ್ದೇ ಒಂದು ಮಾಡಿಕೊಡಬೇಕೆಂದು ಆಸೆ.
– ಓದುಗರು, ಎಲಿಕಾಟ್ ಸಿಟಿ, ಮೇರಿಲ್ಯಾಂಡ್

ಇಲ್ಲಿಯ ಮನೆಗಳಲ್ಲಿ ಬೇಸಿಗೆಗೆ ಝುಕೀನಿ ರಾಶಿ ಬಿದ್ದಾಗ ಅದನ್ನು ತುರಿದು, ಓಲ್ಡ್ ಬೇ ಹಾಕಿ ಏಡಿ ಇಲ್ಲದ ‘ಏಡಿ ಕೇಕ್’ ಮಾಡುವುದು ಹಳೆಯ ರೂಢಿ. ನನಗೆ ಅದಕ್ಕಿಂತ ಇಷ್ಟ ಗುಜ್ಜೆ. ಎಳೆ ಹಲಸಿನ ಡಬ್ಬಿ ಇಂಡಿಯನ್ ಅಂಗಡಿಗಳಲ್ಲಿ ಸಿಗುತ್ತದೆ, ಉಪ್ಪುನೀರಿನದನ್ನು ತನ್ನಿ, ಸಕ್ಕರೆ ಪಾಕದ್ದಲ್ಲ. ಬೇಯಿಸಿ ನೀರು ಹಿಂಡಿ ಬಿಡಿಸಿದರೆ ಎಳೆಎಳೆಯಾಗಿ ಬರುತ್ತದೆ, ಇದನ್ನು ಹಿಂಡಬಹುದು. ಮೊಟ್ಟೆ ಬದಲು ಎರಡು ಚಮಚ ಕಡಲೆಹಿಟ್ಟು, ಮೊಟ್ಟೆ ಇಲ್ಲದ ಮೇಯನೇಸ್. ವೂಸ್ಟರ್ ಸಾಸಿನಲ್ಲಿ ಸಾಮಾನ್ಯವಾಗಿ ಆಂಚೊವಿ ಮೀನು ಇರುತ್ತದೆ, ಅದನ್ನು ಬಿಟ್ಟು ಹುಣಸೆರಸ ಹಾಕಿ. ಅತ್ತೆಯವರ ಕಾವಲಿ, ಸಟ್ಟುಗ, ತುಪ್ಪ ಎಲ್ಲವೂ ಬೇರೆಯೇ ಇರಲಿ. ಅವರ ಪಾಲನ್ನು ಮೊದಲು ಬೇಯಿಸಿ ಬಡಿಸಿ, ಆಮೇಲೆ ಏಡಿಯ ಡಬ್ಬಿ ತೆಗೆಯಿರಿ.

ನನಗೆ ಸಿಗಡಿ ತಿಂದರೆ ಮೈ ತುರಿಕೆ, ತುಟಿ ಊದುತ್ತದೆ. ಏಡಿ ಬೇರೆಯಲ್ಲವೇ, ಸ್ವಲ್ಪ ರುಚಿ ನೋಡಬಹುದೇ?
– ಓದುಗರು, ಬೆಂಗಳೂರು

ಬೇಡ. ಸಿಗಡಿ, ಏಡಿ ಎರಡರಲ್ಲೂ ಟ್ರೋಪೊಮಯೋಸಿನ್ ಎಂಬ ಒಂದೇ ಬಗೆಯ ಪ್ರೋಟೀನ್ ಇದೆ, ಎಷ್ಟು ಬೇಯಿಸಿದರೂ ಅದು ಹೋಗುವುದಿಲ್ಲ. ಒಂದಕ್ಕೆ ಆಗದವರಿಗೆ ಇನ್ನೊಂದೂ ಆಗದಿರುವುದೇ ಹೆಚ್ಚು. ಅಲರ್ಜಿ ಡಾಕ್ಟರಿಗೆ ತೋರಿಸುವವರೆಗೆ ಒಂದು ತುತ್ತೂ ಬೇಡ. ‘ಕ್ರ್ಯಾಬ್ ಸ್ಟಿಕ್’ ಎಂದು ಮಾರುವುದು ಮೀನಿನ ಹಿಟ್ಟು, ಆದರೆ ಅದರಲ್ಲೂ ಏಡಿಯ ಸಾರ ಸೇರಿಸಿರುವುದುಂಟು. ಅದನ್ನೂ ಮುಟ್ಟಬೇಡಿ.

ದೀಪಾವಳಿ ಮುಗಿದ ವಾರ ಇಪ್ಪತ್ತು ಜನ ಊಟಕ್ಕೆ ಬರುತ್ತಾರೆ. ಮೊದಲೇ ಮಾಡಿ ಫ್ರೀಜ್ ಮಾಡಿಡಬಹುದೇ ಆಂಟಿ?
– ಓದುಗರು, ರಾಲೀ, ನಾರ್ತ್ ಕ್ಯಾರೊಲಿನಾ

ಫ್ರೀಜ್ ಬೇಡ ಮಗಾ. ಏಡಿ ಮಾಂಸ ಹೆಪ್ಪುಗಟ್ಟಿ ಕರಗಿದರೆ ನೀರು ಬಿಟ್ಟು ನಾರಾಗುತ್ತದೆ, ಆಮೇಲೆ ಎಷ್ಟು ಚೆನ್ನಾಗಿ ಮಾಡಿದರೂ ಬಿಲ್ಲೆ ನಿಲ್ಲುವುದಿಲ್ಲ. ಹಿಂದಿನ ರಾತ್ರಿ ಬಿಲ್ಲೆ ಕಟ್ಟಿ ಫ್ರಿಜ್ಜಿನಲ್ಲಿಡಿ. ಒಂದು ಗಂಟೆಗಿಂತ ಒಂದು ರಾತ್ರಿ ತಣಿದದ್ದು ಇನ್ನೂ ಚೆನ್ನಾಗಿ ಹಿಡಿದುಕೊಳ್ಳುತ್ತದೆ. ಇಪ್ಪತ್ತು ಜನಕ್ಕೆ ದೊಡ್ಡದು ಬೇಡ, ಎರಡು ತುತ್ತಿನ ಸಣ್ಣ ಬಿಲ್ಲೆ ಮಾಡಿದರೆ ಒಂದು ಪೌಂಡಿಗೆ ಹದಿನೈದರ ಹತ್ತಿರ ಆಗುತ್ತದೆ. ಮೂರು ಪೌಂಡ್ ತಂದರೆ ಎಲ್ಲರಿಗೂ ಎರಡೆರಡು ಬಂದು ಒಂದಿಷ್ಟು ಉಳಿಯುತ್ತದೆ. ಸಣ್ಣವು ಪ್ರತಿ ಬದಿಗೆ ಎರಡೂವರೆ ನಿಮಿಷಕ್ಕೆ ಬೇಯುತ್ತವೆ. ಕಾವಲಿಗೆ ಒತ್ತೊತ್ತಾಗಿ ತುಂಬಬೇಡಿ, ಮಗುಚಲು ಸಟ್ಟುಗ ಆಡುವಷ್ಟು ಜಾಗ ಬಿಡಿ. ಒಂದು ಸುತ್ತು ಬೆಂದದ್ದನ್ನು 95 ಡಿಗ್ರಿ ಸೆಲ್ಸಿಯಸ್ ಓವನ್ನಿನಲ್ಲಿ ತಂತಿ ಜಾಲರಿಯ ಮೇಲಿಡಿ, ತಟ್ಟೆಯ ಮೇಲಿಟ್ಟರೆ ಅಡಿ ಬೆವರಿ ಮೆತ್ತಗಾಗುತ್ತದೆ. ಪ್ರತಿ ಸುತ್ತಿನ ನಡುವೆ ಕಾವಲಿ ಒರೆಸಿ ಹೊಸ ತುಪ್ಪ ಹಾಕಿ. ಸಾಲ್ಟೀನ್ ಬಿಸ್ಕತ್ತು, ನಿಂಬೆ ಹೋಳು ಜತೆಗಿಡಿ. ನಂಟರಲ್ಲಿ ಏಡಿ, ಸಿಗಡಿ ಆಗದವರು ಇದ್ದಾರೆಯೇ ಎಂದು ಮೊದಲೇ ಫೋನ್ ಮಾಡಿ ಕೇಳಿಕೊಂಡುಬಿಡಿ.